ಮೊರಿಸ್ಸಿ ಮಾರಲು ಹೊರಟಿರುವುದು ಯಾವ ‘ಸ್ಮಿತ್ಸ್’?

2025ರ ಸೆಪ್ಟೆಂಬರ್ ಮೊದಲ ವಾರ ಇಂಗ್ಲೆಂಡಿನ ಗಾಯಕ ಮೊರಿಸ್ಸಿ ತಮ್ಮ ಜಾಲತಾಣದಲ್ಲಿ ಒಂದು ಪ್ರಕಟಣೆ ಹಾಕಿದರು. 1980ರ ದಶಕದಲ್ಲಿ ತಾವು ಹಾಡುತ್ತಿದ್ದ ‘ದಿ ಸ್ಮಿತ್ಸ್’ ಎಂಬ ರಾಕ್ ಬ್ಯಾಂಡಿನಲ್ಲಿ ತಮಗಿರುವ ವ್ಯವಹಾರದ ಹಕ್ಕುಗಳನ್ನೆಲ್ಲ ಹೂಡಿಕೆದಾರರು ಮುಂದೆ ಬಂದರೆ ಮಾರಿಬಿಡುವುದಾಗಿ ಅದರಲ್ಲಿ ಹೇಳಿದ್ದರು. ಬ್ಯಾಂಡಿನ ಹೆಸರು, ಆಲ್ಬಂ ಹೊದಿಕೆಗಳ ವಿನ್ಯಾಸ, ಟಿ-ಶರ್ಟ್ ಮುಂತಾದ ಸರಕು, ಸಾಹಿತ್ಯ, ಸಂಗೀತ ಸಂಯೋಜನೆ, ಸಿನಿಮಾ ಮತ್ತು ಜಾಹೀರಾತಿನ ಬಳಕೆ, ಧ್ವನಿಮುದ್ರಿಕೆ, ಪ್ರಕಾಶನ ಒಪ್ಪಂದ ಎಲ್ಲವೂ ಪಟ್ಟಿಯಲ್ಲಿದ್ದವು. ಹಳೆಯ ಜೊತೆಗಾರರೊಂದಿಗಿನ ನಂಟಿನಿಂದ ತಾವು ಬಳಲಿ ಬೆಂದುಹೋಗಿದ್ದೇವೆ ಎಂಬುದು ಅವರು ಕೊಟ್ಟ ಕಾರಣ.

ಓದಿದವರಿಗೆ ಗೊಂದಲವಾದದ್ದು ಸಹಜ. ಅದಕ್ಕೆ ಒಂದು ವರ್ಷದ ಹಿಂದಷ್ಟೇ, 2024ರಲ್ಲಿ, ಇದೇ ಮೊರಿಸ್ಸಿ ಬ್ಯಾಂಡಿನ ಹೆಸರು ಗಿಟಾರ್ ವಾದಕ ಜಾನಿ ಮಾರ್ ಅವರ ಕೈಸೇರಿದೆ ಎಂದು ದೂರಿದ್ದರು. ಧ್ವನಿಮುದ್ರಿಕೆಗಳು 1992ರಿಂದಲೂ ವಾರ್ನರ್ ಎಂಬ ಸಂಗೀತ ಕಂಪನಿಯವು. ಡ್ರಮ್ಮರ್ ಮೈಕ್ ಜಾಯ್ಸ್ ಮುದ್ರಿಕೆ ಮತ್ತು ಕಾರ್ಯಕ್ರಮಗಳ ಗಳಿಕೆಯಲ್ಲಿ ಕಾಲು ಪಾಲನ್ನು ನ್ಯಾಯಾಲಯದಲ್ಲಿ ಗೆದ್ದುಕೊಂಡಿದ್ದಾರೆ. ಹೆಸರು ಒಬ್ಬರದು, ಮುದ್ರಿಕೆ ಇನ್ನೊಬ್ಬರದು, ಪಾಲು ಮತ್ತೊಬ್ಬರದು ಎಂದಾದರೆ ಮೊರಿಸ್ಸಿ ಮಾರುವುದಾದರೂ ಏನನ್ನು?

ಒಂದೇ ಮಾತಿನಲ್ಲಿ ಹೇಳುವುದಾದರೆ, ‘ಸ್ಮಿತ್ಸ್’ ಎಂಬ ಒಂದು ಆಸ್ತಿಯೇ ಇಲ್ಲ. ಇರುವುದು ಬೇರೆ ಬೇರೆ ಕಾನೂನುಗಳಡಿ, ಬೇರೆ ಬೇರೆ ಪ್ರಮಾಣದಲ್ಲಿ ಹಂಚಿಹೋಗಿರುವ ಐದಾರು ಹಕ್ಕುಗಳು. ಈ ಹಂಚಿಕೆ ಇಷ್ಟು ಗೋಜಲಾಗಲು ಕಾರಣ, ಬ್ಯಾಂಡ್ ಬದುಕಿದ್ದ ಐದು ವರ್ಷಗಳಲ್ಲಿ ಆಗಬೇಕಿದ್ದ ಕಾಗದಪತ್ರ ಆಗಲೇ ಇಲ್ಲ.

ಐದು ವರ್ಷ, ನಾಲ್ಕು ಆಲ್ಬಂ

1982ರಲ್ಲಿ ಮ್ಯಾಂಚೆಸ್ಟರ್‌ನ ಸ್ಟ್ರೆಟ್‌ಫರ್ಡ್‌ನಲ್ಲಿದ್ದ ಮೊರಿಸ್ಸಿ ಮನೆಯ ಬಾಗಿಲನ್ನು ಹದಿನೆಂಟರ ಹುಡುಗ ಜಾನಿ ಮಾರ್ ತಟ್ಟಿದರು. ಮೊರಿಸ್ಸಿಗೆ ಆಗ 23. ಒಬ್ಬರು ಸಾಹಿತ್ಯ ಬರೆಯುವುದು, ಇನ್ನೊಬ್ಬರು ಸಂಗೀತ ಕೂರಿಸುವುದು ಎಂದಾಯಿತು. ಆ ವರ್ಷದ ಅಕ್ಟೋಬರ್ 4ರಂದು ಮ್ಯಾಂಚೆಸ್ಟರ್‌ನ ರಿಟ್ಜ್‌ನಲ್ಲಿ ಮೊದಲ ಕಾರ್ಯಕ್ರಮ ನಡೆಯಿತು. ಡ್ರಮ್ಸ್‌ಗೆ ಮೈಕ್ ಜಾಯ್ಸ್ ಬಂದಿದ್ದರು. ಸ್ವಲ್ಪ ದಿನಕ್ಕೆ ಬಾಸ್ ಗಿಟಾರ್‌ಗೆ ಮಾರ್ ಅವರ ಶಾಲೆಯ ಗೆಳೆಯ ಆಂಡಿ ರೂರ್ಕ್ ಸೇರಿಕೊಂಡರು.

1983ರಲ್ಲಿ ಲಂಡನ್ನಿನ ಸ್ವತಂತ್ರ ಕಂಪನಿ ರಫ್ ಟ್ರೇಡ್ ಜೊತೆ ಕರಾರಾಯಿತು. ಇಡೀ ಕಥೆಯ ಗಂಟು ಇಲ್ಲೇ ಬಿತ್ತು: ಆ ಪತ್ರಕ್ಕೆ ಸಹಿ ಹಾಕಿದ್ದು ಮೊರಿಸ್ಸಿ ಮತ್ತು ಮಾರ್ ಇಬ್ಬರೇ. ವೇದಿಕೆಯ ಮೇಲೆ ನಾಲ್ವರು, ಕರಾರಿನಲ್ಲಿ ಇಬ್ಬರು. ಆ ನಾಲ್ವರ ನಡುವೆ ಹಣ ಹೇಗೆ ಹಂಚಬೇಕೆಂಬುದಕ್ಕೆ ಒಂದು ಹಾಳೆಯೂ ಇರಲಿಲ್ಲ.

1984ರ ಫೆಬ್ರವರಿಯಿಂದ 1987ರ ಸೆಪ್ಟೆಂಬರ್ ನಡುವೆ ನಾಲ್ಕು ಸ್ಟುಡಿಯೊ ಆಲ್ಬಂಗಳು ಬಂದವು. 1985ರಲ್ಲಿ ಬಂದ ಎರಡನೆಯದು ಬ್ರಿಟನ್ನಿನ ಆಲ್ಬಂ ಮಾರಾಟದ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿತು. ಹೊರಗೆ ಇಷ್ಟೆಲ್ಲ ನಡೆಯುತ್ತಿದ್ದಾಗ ಒಳಗೆ ವ್ಯವಹಾರ ನೋಡುವವರೇ ಇರಲಿಲ್ಲ. ಆರಂಭದಲ್ಲಿ ಬೆನ್ನಿಗೆ ನಿಂತಿದ್ದ ಮ್ಯಾನೇಜರ್ ಜೋ ಮಾಸ್ 1983ರ ಕೊನೆಗೆ ಹೊರನಡೆದರು. ಆಮೇಲೆ ಬಂದವರಾರೂ ಬಹಳ ಕಾಲ ನಿಲ್ಲಲಿಲ್ಲ. ರಾಗ ಕಟ್ಟುವುದು, ಸ್ಟುಡಿಯೊದಲ್ಲಿ ಕೂರುವುದು ಸಾಲದೆಂಬಂತೆ ಪ್ರವಾಸದ ಏರ್ಪಾಟಿನ ಎಷ್ಟೋ ಕೆಲಸ ಮಾರ್ ಹೆಗಲಿಗೆ ಬಿತ್ತು. 1985ರ ಕೊನೆಗೆ ಸಿದ್ಧವಾಗಿದ್ದ ಮೂರನೆಯ ಆಲ್ಬಂ, ರಫ್ ಟ್ರೇಡ್ ಜೊತೆಗಿನ ಕಾನೂನು ತಕರಾರಿನಿಂದಾಗಿ 1986ರ ಜೂನ್‌ವರೆಗೆ ತಡೆಯಿತು. ಅದೇ ವರ್ಷ ರೂರ್ಕ್ ಅವರನ್ನು ಹೆರಾಯಿನ್ ಚಟದ ಕಾರಣ ಕೆಲಕಾಲ ಕೈಬಿಟ್ಟು ಮತ್ತೆ ಸೇರಿಸಿಕೊಂಡದ್ದೂ ಆಯಿತು. ದಣಿದ ಮಾರ್ 1987ರ ಬೇಸಿಗೆಯಲ್ಲಿ ಹೊರನಡೆದರು. ನಾಲ್ಕನೆಯ ಆಲ್ಬಂ ಅಂಗಡಿಗೆ ಬಂದಾಗ ಬ್ಯಾಂಡ್ ಇರಲಿಲ್ಲ.

ಬ್ಯಾಂಡ್ ಒಡೆದಾಗ ಮಾರ್‌ಗೆ ಇನ್ನೂ 23. ಆಸ್ತಿ ಯಾವುದು, ಪಾಲು ಎಷ್ಟು ಎಂದು ಯಾರೂ ಕೂತು ಬರೆದುಕೊಳ್ಳಲಿಲ್ಲ.

ಒಂದು ಹಾಡಿನೊಳಗೆ ಎರಡು ಆಸ್ತಿ

ಈ ವ್ಯವಹಾರವನ್ನು ಅರ್ಥ ಮಾಡಿಕೊಳ್ಳಲು ಒಂದು ವ್ಯತ್ಯಾಸವನ್ನು ಗಟ್ಟಿಯಾಗಿ ಹಿಡಿದುಕೊಳ್ಳಬೇಕು. ಪ್ರತಿ ಹಾಡಿನಲ್ಲೂ ಎರಡು ಬಗೆಯ ಕಾಪಿರೈಟ್ ಇರುತ್ತದೆ.

ಮೊದಲನೆಯದು ರಚನೆಯ ಹಕ್ಕು, ಅಂದರೆ ಸಾಹಿತ್ಯ ಮತ್ತು ಸಂಗೀತ. ಸ್ಮಿತ್ಸ್‌ನ ಸ್ವಂತ ಹಾಡುಗಳು ಮೊರಿಸ್ಸಿ–ಮಾರ್ ಜೋಡಿಯ ಹೆಸರಿನಲ್ಲಿವೆ. ಈ ಬಾಬ್ತಿನ ಹಣದಲ್ಲಿ ಜಾಯ್ಸ್‌ಗಾಗಲಿ ರೂರ್ಕ್‌ಗಾಗಲಿ ಪಾಲಿಲ್ಲ. ಎರಡನೆಯದು ಧ್ವನಿಮುದ್ರಿಕೆಯ ಹಕ್ಕು, ಅಂದರೆ ಸ್ಟುಡಿಯೊದಲ್ಲಿ ನಾಲ್ವರೂ ನುಡಿಸಿದ ಆ ನಿರ್ದಿಷ್ಟ ರೆಕಾರ್ಡಿಂಗ್. ಇದು ಮೊದಲು ರಫ್ ಟ್ರೇಡ್‌ನದಾಗಿತ್ತು. 1991ರಲ್ಲಿ ರಫ್ ಟ್ರೇಡ್‌ನ ವಿತರಣಾ ವ್ಯವಸ್ಥೆ ಕುಸಿದುಬಿದ್ದ ಮೇಲೆ, 1992ರಲ್ಲಿ ವಾರ್ನರ್ ಪಾಲಾಯಿತು. ಬ್ಯಾಂಡಿನವರಿಗೆ ಬರುವುದು ಅದರ ಮೇಲಿನ ರಾಯಲ್ಟಿ, ಅಂದರೆ ಮಾರಾಟ ಮತ್ತು ಬಳಕೆಯ ಹಣದಲ್ಲಿ ಒಂದು ಪಾಲು ಮಾತ್ರ.

ಲೆಕ್ಕಕ್ಕೆಂದು ಒಂದು ಉದಾಹರಣೆ ಇಟ್ಟುಕೊಳ್ಳೋಣ. ಒಂದು ಸಿನಿಮಾ ತಂಡಕ್ಕೆ ಸ್ಮಿತ್ಸ್ ಹಾಡೊಂದು ಬೇಕು. ಅದು ರಚನೆಗೆ 10,000 ಪೌಂಡ್, ಮುದ್ರಿಕೆಗೆ 10,000 ಪೌಂಡ್ ಎಂದು ಎರಡು ಪರವಾನಗಿ ಪಡೆಯಬೇಕು. ರಚನೆಯ ಹಣದಲ್ಲಿ ಪ್ರಕಾಶಕರ, ಅಂದರೆ ರಚನೆಯ ಹಕ್ಕಿನ ವ್ಯವಹಾರ ನೋಡಿಕೊಳ್ಳುವ ಕಂಪನಿಯ, ಪಾಲು ಕಳೆದು ಉಳಿದದ್ದು ಮೊರಿಸ್ಸಿ ಮತ್ತು ಮಾರ್ ನಡುವೆ ಹಂಚಿಕೆಯಾಗುತ್ತದೆ. ಮುದ್ರಿಕೆಯ ಹಣದಲ್ಲಿ ಕಂಪನಿ ಅರ್ಧ ಇಟ್ಟುಕೊಂಡಿತು ಎಂದುಕೊಂಡರೆ 5,000 ಬ್ಯಾಂಡಿಗೆ. ಜಾಯ್ಸ್ ಅವರ ಕಾಲು ಪಾಲು ಎಂದರೆ ಇದರಲ್ಲಿ 1,250. ಮುಖ್ಯವಾದದ್ದು ಹಣಕ್ಕಿಂತ ಒಪ್ಪಿಗೆ. ರಚನೆಯ ಕಡೆಯಿಂದ ಇಬ್ಬರ ಪರವಾಗಿಯೂ ಹೂಂ ಎನ್ನಬೇಕು, ವಾರ್ನರ್ ಕೂಡ ಹೂಂ ಎನ್ನಬೇಕು. ಒಬ್ಬರು ತಲೆಯಾಡಿಸದಿದ್ದರೂ ಹಾಡು ಸಿನಿಮಾಕ್ಕೆ ಹೋಗದು.

ರೇಡಿಯೊದಲ್ಲಿ ಹಾಡು ಬಂದಾಗ ಇನ್ನೊಂದು ದಾರಿಯಿಂದ ಹಣ ಬರುತ್ತದೆ. ರಚನೆಯ ಪಾಲನ್ನು ಪಿಆರ್‌ಎಸ್ ಎಂಬ ಸಂಸ್ಥೆ ವಸೂಲಿ ಮಾಡುತ್ತದೆ, ಮುದ್ರಿಕೆಯ ಪಾಲನ್ನು ಪಿಪಿಎಲ್. ಪಿಪಿಎಲ್ ತನ್ನ ವಸೂಲಿಯ ಅರ್ಧವನ್ನು ಮುದ್ರಿಕೆಯ ಒಡೆಯರಿಗೂ ಇನ್ನರ್ಧವನ್ನು ನುಡಿಸಿದ ಕಲಾವಿದರಿಗೂ ಕೊಡುತ್ತದೆ. ಬ್ರಿಟನ್ನಿನ ಕಾನೂನಿನಂತೆ ಕಲಾವಿದರ ಈ ಹಕ್ಕನ್ನು ವಸೂಲಿ ಸಂಸ್ಥೆಗೆ ಬಿಟ್ಟು ಬೇರೆ ಯಾರಿಗೂ ಅವರು ಮಾರುವಂತಿಲ್ಲ. ಕಲಾವಿದ ತೀರಿಕೊಂಡರೆ ವಾರಸುದಾರರಿಗೆ ಹೋಗುತ್ತದೆ. ಕೃತಿಕಾರನೆಂದು ಗುರುತಿಸಿಕೊಳ್ಳುವ, ಕೃತಿಯನ್ನು ವಿರೂಪಗೊಳಿಸದಂತೆ ತಡೆಯುವ ನೈತಿಕ ಹಕ್ಕುಗಳದೂ ಹೀಗೇ. ಅವನ್ನು ಬಿಟ್ಟುಕೊಡಬಹುದೇ ಹೊರತು ಮಾರಾಟ ಮಾಡಲಾಗದು. ಹಾಗಾಗಿ ‘ಎಲ್ಲವನ್ನೂ ಮಾರುತ್ತೇನೆ’ ಎಂದು ಮೊರಿಸ್ಸಿ ಎಷ್ಟೇ ಮನಸಾರೆ ಹೇಳಿದರೂ ಕಾನೂನು ಒಂದಿಷ್ಟನ್ನು ಅವರ ಬಳಿಯೇ ಉಳಿಸುತ್ತದೆ.

ನೂರಕ್ಕೆ ಹತ್ತೋ, ಇಪ್ಪತ್ತೈದೋ

ಬ್ಯಾಂಡ್ ನಡೆಯುತ್ತಿದ್ದಾಗ ಮುದ್ರಿಕೆ ಮತ್ತು ಕಾರ್ಯಕ್ರಮಗಳ ಗಳಿಕೆಯಲ್ಲಿ ಮೊರಿಸ್ಸಿ ಮತ್ತು ಮಾರ್ ತಲಾ 40 ಭಾಗ ತೆಗೆದುಕೊಂಡು ಜಾಯ್ಸ್ ಮತ್ತು ರೂರ್ಕ್‌ಗೆ ತಲಾ 10 ಭಾಗ ಕೊಡುತ್ತಿದ್ದರು. ಬ್ಯಾಂಡ್ ಮುರಿದ ಮೇಲೆ ಇಬ್ಬರೂ ಇದನ್ನು ಪ್ರಶ್ನಿಸಿದರು. ಹಣದ ಮುಗ್ಗಟ್ಟಿನಲ್ಲಿದ್ದ ರೂರ್ಕ್ 1989ರಲ್ಲಿ 83,000 ಪೌಂಡ್ ಮತ್ತು ಮುಂದಕ್ಕೂ 10 ಭಾಗ ಎಂಬ ರಾಜಿಗೆ ಒಪ್ಪಿ ಉಳಿದ ಹಕ್ಕು ಬಿಟ್ಟುಕೊಟ್ಟರು. ಜಾಯ್ಸ್ ಬಿಡಲಿಲ್ಲ. 1996ರ ಡಿಸೆಂಬರ್‌ನಲ್ಲಿ ಲಂಡನ್ನಿನ ಹೈಕೋರ್ಟ್ ಅವರ ಪರ ತೀರ್ಪು ಕೊಟ್ಟಿತು, 1998ರಲ್ಲಿ ಮೇಲ್ಮನವಿ ನ್ಯಾಯಾಲಯ ಅದನ್ನು ಎತ್ತಿಹಿಡಿಯಿತು. ಜಾಯ್ಸ್ ಕೈಗೆ ಬರಬೇಕಾದ ಹಳೆಯ ಬಾಕಿಯೇ ಸುಮಾರು 10 ಲಕ್ಷ ಪೌಂಡ್ ಎಂದು ಆಗ ವರದಿಯಾಯಿತು.

ಈ ತೀರ್ಪು ಸಂಗೀತದ ಗುಣದ ಬಗ್ಗೆ ಒಂದು ಮಾತೂ ಹೇಳುವುದಿಲ್ಲ. ಯಾರು ಹೆಚ್ಚು ದುಡಿದರು, ಯಾರಿಲ್ಲದೆ ಬ್ಯಾಂಡ್ ನಡೆಯುತ್ತಿರಲಿಲ್ಲ ಎಂಬ ವಾದಕ್ಕೂ ಇದಕ್ಕೂ ಸಂಬಂಧವಿಲ್ಲ. ಅದು ನಿಂತಿರುವುದು ವಿಕ್ಟೋರಿಯಾ ರಾಣಿಯ ಕಾಲದ, 1890ರ ಪಾಲುದಾರಿಕೆ ಕಾಯ್ದೆಯ 24ನೆಯ ಕಲಮಿನ ಮೇಲೆ. ಲಾಭಕ್ಕಾಗಿ ಒಟ್ಟಾಗಿ ವ್ಯವಹಾರ ನಡೆಸುವವರು, ಬರಹದಲ್ಲಿ ಇರಲಿ ಇಲ್ಲದಿರಲಿ, ಪಾಲುದಾರರು. ಬೇರೆ ಒಪ್ಪಂದವಿದೆ ಎಂದು ಸಾಬೀತಾಗದ ಹೊರತು ಲಾಭ ಎಲ್ಲರಿಗೂ ಸಮ.

ಬೇರೆ ಒಪ್ಪಂದ ಇತ್ತು, ಬಾಯಿಮಾತಿನಲ್ಲಿ ಆಗಿತ್ತು ಎಂದು ಮೊರಿಸ್ಸಿ ಕಡೆಯವರು ಹೇಳಿದರು. ಯಾವ ದಿನ, ಯಾರೆದುರು, ಯಾವ ಮಾತಿನಲ್ಲಿ ಎಂಬುದನ್ನು ನ್ಯಾಯಾಲಯ ನಂಬುವಂತೆ ತೋರಿಸಲಾಗಲಿಲ್ಲ. ಅಸಮ ಹಂಚಿಕೆ ತೋರಿಸುವ ಲೆಕ್ಕಪತ್ರ ಜಾಯ್ಸ್‌ಗೆ ತಲುಪಿತ್ತು, ಅವರು ಸುಮ್ಮನಿದ್ದರು, ಆದ್ದರಿಂದ ಒಪ್ಪಿದಂತಾಯಿತು ಎಂಬ ವಾದವೂ ನಿಲ್ಲಲಿಲ್ಲ. ಲೆಕ್ಕ ತಿಳಿಯದವನ ಕೈಗೆ ಲೆಕ್ಕದ ಹಾಳೆ ಕೊಟ್ಟು, ಅವನ ಮೌನವನ್ನು ಸಹಿ ಎಂದು ಓದಲಾಗದು. ಡ್ರಮ್ಸ್ ಮತ್ತು ಬಾಸ್ ನುಡಿಸುವವರನ್ನು ದಿನಗೂಲಿಯವರಂತೆ ಕಾಣುವ ಅಭ್ಯಾಸ ರಾಕ್ ಲೋಕದಲ್ಲಿ ಇವತ್ತಿಗೂ ಇದೆ. ಅದರೆದುರು ಈ ತೀರ್ಪು ನ್ಯಾಯವಾದದ್ದು ಎಂದೇ ನಮ್ಮ ಅಭಿಪ್ರಾಯ.

ಮೊರಿಸ್ಸಿ ಇದನ್ನು ಒಪ್ಪಿಲ್ಲ. 2013ರಲ್ಲಿ ಬಂದ ಆತ್ಮಕಥೆಯಲ್ಲಿ ಈ ಮೊಕದ್ದಮೆಗೆ ಹತ್ತಾರು ಪುಟ ಮೀಸಲಿಟ್ಟಿದ್ದಾರೆ. ಈಗಿನ ಪ್ರಕಟಣೆಯಲ್ಲಿ ಕಾಣುವ ಬಳಲಿಕೆಯ ಬೇರು ಬಹುಪಾಲು ಇಲ್ಲಿದೆ.

ಹೆಸರು ಯಾರದು?

2024ರ ಆಗಸ್ಟ್ ಕೊನೆಗೆ ಮೊರಿಸ್ಸಿ ಒಂದು ಹೇಳಿಕೆ ಕೊಟ್ಟರು. 2025ರಲ್ಲಿ ‘ಸ್ಮಿತ್ಸ್’ ಹೆಸರಿನಲ್ಲಿ ವಿಶ್ವ ಪ್ರವಾಸ ಮಾಡಲು ಎಇಜಿ ಎಂಬ ಮನರಂಜನಾ ಕಂಪನಿ ತಮಗೂ ಮಾರ್‌ಗೂ ದೊಡ್ಡ ಮೊತ್ತದ ಆಹ್ವಾನ ಕೊಟ್ಟಿತ್ತು, ತಾವು ಒಪ್ಪಿದೆವು, ಮಾರ್ ಉತ್ತರಿಸಲೇ ಇಲ್ಲ ಎಂಬುದು ಅದರ ಸಾರ. ಮುರಿದುಹೋಗಿದ್ದ ಇನ್ನೊಂದು ಇಂಗ್ಲಿಷ್ ಬ್ಯಾಂಡ್ ಓಯಸಿಸ್ ಮತ್ತೆ ಒಂದಾಗುವ ಸುದ್ದಿ ಬಂದಿದ್ದೂ ಅದೇ ವಾರವಾದ್ದರಿಂದ ಅಭಿಮಾನಿಗಳಲ್ಲಿ ಆಸೆ ಚಿಗುರಿತು. ಆದರೆ ರೂರ್ಕ್ 2023ರ ಮೇನಲ್ಲೇ ಕ್ಯಾನ್ಸರ್‌ನಿಂದ ತೀರಿಕೊಂಡಿದ್ದರು. ನಾಲ್ವರೂ ಒಂದೇ ವೇದಿಕೆಗೆ ಬರುವ ಸಾಧ್ಯತೆ ಅಲ್ಲಿಗೇ ಮುಗಿದಿತ್ತು.

ಸೆಪ್ಟೆಂಬರ್‌ನಲ್ಲಿ ಹೆಸರಿನ ಜಗಳ ಹೊರಬಿತ್ತು. ಮಾರ್ ಹೆಸರನ್ನು ತಮ್ಮದಾಗಿಸಿಕೊಂಡಿದ್ದಾರೆ, ಇನ್ನು ಬೇರೆ ಗಾಯಕನನ್ನು ಇಟ್ಟುಕೊಂಡು ‘ಸ್ಮಿತ್ಸ್’ ಎಂದು ತಿರುಗಾಡಬಹುದು ಎಂದು ಮೊರಿಸ್ಸಿ ಆತಂಕ ತೋಡಿಕೊಂಡರು. ಮಾರ್ ಕಡೆಯ ವಿವರಣೆ ಬೇರೆ: 2018ರಲ್ಲಿ ಹೊರಗಿನವರೊಬ್ಬರು ಹೆಸರನ್ನು ಬಳಸಲು ಯತ್ನಿಸಿದಾಗ, ಟ್ರೇಡ್‌ಮಾರ್ಕ್ ಬ್ಯಾಂಡಿನವರ ಹೆಸರಲ್ಲಿ ಇಲ್ಲವೇ ಇಲ್ಲ ಎಂಬುದು ಗೊತ್ತಾಯಿತು. ಮೊರಿಸ್ಸಿ ಕಡೆಯಿಂದ ಉತ್ತರ ಬಾರದ ಕಾರಣ ಮಾರ್ ತಾವೇ ನೋಂದಾಯಿಸಿಕೊಂಡರು. 2024ರ ಜನವರಿಯಲ್ಲಿ ಒಡೆತನ ಹಂಚಿಕೊಳ್ಳುವ ಪತ್ರಕ್ಕೆ ಸಹಿ ಹಾಕಿದರು. ಮೊರಿಸ್ಸಿ ಸಹಿ ಬೀಳುವುದಷ್ಟೇ ಆಗ ಬಾಕಿಯಿತ್ತು. ಬೇರೆ ಗಾಯಕನೊಂದಿಗೆ ಪ್ರವಾಸ ಮಾಡುವ ಉದ್ದೇಶ ತಮಗಿಲ್ಲ, ಪ್ರವಾಸದ ಆಹ್ವಾನಕ್ಕೆ ಉತ್ತರಿಸದೆ ಸುಮ್ಮನಿದ್ದುದಲ್ಲ, ಬೇಡ ಎಂದೇ ಹೇಳಿದ್ದು ಎಂದೂ ಮಾರ್ ತಿಳಿಸಿದರು.

ನೋಂದಣಿ ಒಂದು, ಹೆಸರಿಗಂಟಿದ ಕೀರ್ತಿ ಇನ್ನೊಂದು ಎಂಬುದು ಇಲ್ಲಿ ಗಮನಿಸಬೇಕಾದ ಅಂಶ. ಇಂಗ್ಲೆಂಡಿನದೇ ಸ್ಯಾಕ್ಸನ್ ಎಂಬ ಹೆವಿ ಮೆಟಲ್ ಬ್ಯಾಂಡಿನ ಮಾಜಿ ಸದಸ್ಯರಿಬ್ಬರು ಹೆಸರನ್ನು ನೋಂದಾಯಿಸಿಕೊಂಡಾಗ, 2003ರಲ್ಲಿ ಹೈಕೋರ್ಟ್ ಆ ನೋಂದಣಿಯನ್ನು ಅಸಿಂಧು ಎಂದಿತು. ಲಿಖಿತ ಕರಾರಿಲ್ಲದ ಬ್ಯಾಂಡಿನ ಹೆಸರು ಆಗಿದ್ದ ಪಾಲುದಾರಿಕೆಗೆ ಸೇರಿದ್ದೇ ಹೊರತು ಬಿಡಿ ಸದಸ್ಯರಿಗಲ್ಲ ಎಂಬುದು ನ್ಯಾಯಾಲಯದ ತರ್ಕ. ಇದನ್ನು ಸ್ಮಿತ್ಸ್‌ಗೆ ಹಚ್ಚಿದರೆ ಹಳೆಯ ಹೆಸರಿನ ಕೀರ್ತಿ 1987ರಲ್ಲಿ ಮುರಿದ ನಾಲ್ವರ ಪಾಲುದಾರಿಕೆಯದು ಎಂದು ವಾದಿಸಲು ಜಾಗವಿದೆ. ಹಾಗೆ ವಾದಿಸಿದರೆ ಮೊರಿಸ್ಸಿ ಒಬ್ಬರೇ ಹೆಸರನ್ನು ಮಾರಲಾರರು, ಮಾರ್ ಒಬ್ಬರ ನೋಂದಣಿಯೂ ಪ್ರಶ್ನಾತೀತವಲ್ಲ. ಹೆಸರನ್ನು ತಾನೇ ಇಟ್ಟೆ ಎಂಬ ಮೊರಿಸ್ಸಿ ಮಾತು ನಿಜವಿದ್ದರೂ ಕಾನೂನಿನಲ್ಲಿ ಹೆಚ್ಚು ತೂಗದು. ಟ್ರೇಡ್‌ಮಾರ್ಕ್ ರಕ್ಷಿಸುವುದು ಹೆಸರನ್ನು ಬಳಸಿ ಗಳಿಸಿದ ವ್ಯವಹಾರದ ಕೀರ್ತಿಯನ್ನು, ಹೆಸರಿಟ್ಟವರ ಜಾಣ್ಮೆಯನ್ನಲ್ಲ.

ಹೊದಿಕೆ ಚಿತ್ರಗಳದ್ದೂ ಇಂಥದೇ ತೊಡಕು. ಆರಿಸಿ ವಿನ್ಯಾಸ ಮಾಡಿದ್ದು ಮೊರಿಸ್ಸಿ, ಅದರಲ್ಲಿ ಎರಡು ಮಾತಿಲ್ಲ. ಆದರೆ ಆ ಹೊದಿಕೆಗಳ ಮೇಲಿರುವುದು ಬಹುಪಾಲು ಬೇರೆಯವರು ತೆಗೆದ ಹಳೆಯ ಚಿತ್ರಗಳು. ಮೂರನೆಯ ಆಲ್ಬಂ ಮೇಲೆ ಒರಗಿರುವವರು ಫ್ರೆಂಚ್ ನಟ ಅಲೈನ್ ಡೆಲಾನ್. ಆ ಚಿತ್ರವನ್ನು ಟಿ-ಶರ್ಟ್ ಮೇಲೆ ಅಚ್ಚು ಹಾಕಬೇಕಾದರೆ ಮೂಲ ಛಾಯಾಚಿತ್ರದ ಹಕ್ಕೂ ತೀರ್ಮಾನವಾಗಬೇಕು.

ಕೊಳ್ಳುವವರು ಹೇಗೆ ಬೆಲೆ ಕಟ್ಟುತ್ತಾರೆ

ಹಾಡುಗಳ ಹಕ್ಕು ಕೊಳ್ಳುವ ಕಂಪನಿಗಳ ಲೆಕ್ಕಾಚಾರ ಸರಳ. ಕಳೆದ ಮೂರರಿಂದ ಐದು ವರ್ಷಗಳ ರಾಯಲ್ಟಿ ಪಟ್ಟಿ ತರಿಸಿ ವರ್ಷಕ್ಕೆ ಸರಾಸರಿ ನಿವ್ವಳ ಎಷ್ಟು ಬರುತ್ತದೆ ನೋಡುತ್ತಾರೆ. ಅದನ್ನು ಒಂದು ಅಂಕಿಯಿಂದ ಗುಣಿಸುತ್ತಾರೆ. ಇತ್ತೀಚಿನ ವರ್ಷಗಳಲ್ಲಿ ಒಳ್ಳೆಯ ಹಳೆಯ ಹಾಡುಗಳಿಗೆ ಈ ಗುಣಕ 15ರಿಂದ 20ರ ಆಸುಪಾಸು ಇದ್ದುದು ವರದಿಯಾಗಿದೆ. ವರ್ಷಕ್ಕೆ 3 ಲಕ್ಷ ಪೌಂಡ್ ಬರುವ ಪಾಲಿಗೆ 15 ಪಟ್ಟು ಎಂದರೆ 45 ಲಕ್ಷ. ಇದು ಲೆಕ್ಕ ತೋರಿಸಲು ಇಟ್ಟುಕೊಂಡ ಅಂಕಿ, ಮೊರಿಸ್ಸಿಯ ಆದಾಯವಲ್ಲ.

ಬೆಲೆ ಕುಸಿಯುವುದು ಆಮೇಲಿನ ಹಂತದಲ್ಲಿ, ವಕೀಲರು ದಾಖಲೆ ತಿರುವಿ ಹಾಕುವಾಗ. ಹಕ್ಕು ಮೊದಲ ದಿನದಿಂದ ಇವತ್ತಿನವರೆಗೆ ಯಾರಿಂದ ಯಾರಿಗೆ ಬಂತು? ಪ್ರಕಾಶನ ಕರಾರು ಯಾವಾಗ ಮುಗಿಯುತ್ತದೆ? ಹಳೆಯ ತೀರ್ಪಿನ ಬಾಕಿ ಇದೆಯೇ? ಪರವಾನಗಿ ಕೊಡಲು ಇನ್ನಾರ ಒಪ್ಪಿಗೆ ಬೇಕು? ಉತ್ತರ ತಡವರಿಸಿದಷ್ಟೂ ಗುಣಕ ಇಳಿಯುತ್ತದೆ, ಇಲ್ಲವೇ ಹಣದ ಒಂದು ಭಾಗವನ್ನು ತಕರಾರು ತೀರುವವರೆಗೆ ತಡೆಹಿಡಿಯುತ್ತಾರೆ.

ಬ್ರಿಟಿಷ್ ಕಾನೂನಿನಲ್ಲಿ ಜಂಟಿ ಕಾಪಿರೈಟ್‌ನ ಒಬ್ಬ ಒಡೆಯ ತನ್ನ ಪಾಲನ್ನು ಮಾರಬಹುದು. ಆದರೆ ಇನ್ನೊಬ್ಬ ಒಡೆಯನ ಒಪ್ಪಿಗೆಯಿಲ್ಲದೆ ಮೂರನೆಯವರಿಗೆ ಪರವಾನಗಿ ಕೊಡುವಂತಿಲ್ಲ. ನಮ್ಮಲ್ಲಿ ಪಾಲಾಗದ ಒಟ್ಟು ಕುಟುಂಬದ ಜಮೀನಿನಲ್ಲಿ ಒಬ್ಬ ತಮ್ಮ ತನ್ನ ಭಾಗ ಮಾರಿದರೆ ಕೊಂಡವನಿಗೆ ಪಾಲು ಕೇಳುವ ಹಕ್ಕು ಸಿಗುತ್ತದೆ, ಬೇಲಿ ಹಾಕಲು ಜಾಗ ಸಿಗುವುದಿಲ್ಲ, ಇದೂ ಹಾಗೆಯೇ.

ಇಂಗ್ಲೆಂಡಿನದೇ ಇನ್ನೊಂದು ರಾಕ್ ಬ್ಯಾಂಡ್ ಪಿಂಕ್ ಫ್ಲಾಯ್ಡ್ ಉದಾಹರಣೆ ಕಣ್ಣೆದುರಿದೆ. ಸದಸ್ಯರ ವೈಮನಸ್ಸಿನಿಂದ ವರ್ಷಗಟ್ಟಲೆ ಎಳೆದಾಡಿದ ಅವರ ಮಾರಾಟ 2024ರ ಅಕ್ಟೋಬರ್‌ನಲ್ಲಿ ಸೋನಿ ಜೊತೆ ಕುದುರಿತು, ಮೊತ್ತ ಸುಮಾರು 40 ಕೋಟಿ ಡಾಲರ್ ಎಂದು ವರದಿಯಾಯಿತು. ಅವರು ಮಾರಿದ್ದು ಮುದ್ರಿಕೆಗಳ ಹಕ್ಕು, ಹೆಸರು ಮತ್ತು ರೂಪದ ಹಕ್ಕು. ರಚನೆಯ ಹಕ್ಕನ್ನು ಮಾರಲಿಲ್ಲ. ಸ್ಮಿತ್ಸ್ ವಿಷಯದಲ್ಲಿ ಪರಿಸ್ಥಿತಿ ತಿರುಗುಮುರುಗು: ಮುದ್ರಿಕೆ ಆಗಲೇ ವಾರ್ನರ್ ಬಳಿ ಇದೆ, ಹೆಸರು ತಕರಾರಿನಲ್ಲಿದೆ, ಸುಲಭವಾಗಿ ಮಾರಾಟವಾಗಬಲ್ಲದ್ದು ಮೊರಿಸ್ಸಿಯ ರಚನೆಯ ಪಾಲು ಒಂದೇ.

ಮುಂದೆ ಏನಾಗಬಹುದು

ಮಾರಾಟ ನಡೆದರೂ ಕೇಳುಗರ ಫೋನಿನಿಂದ ಹಾಡುಗಳು ಮಾಯವಾಗುವುದಿಲ್ಲ, ಏಕೆಂದರೆ ಅವನ್ನು ಸ್ಟ್ರೀಮಿಂಗ್‌ಗೆ ಕೊಟ್ಟಿರುವುದು ವಾರ್ನರ್. ಜಾಯ್ಸ್ ಅವರ ಕಾಲು ಪಾಲೂ ಅಲುಗದು. ಮೊರಿಸ್ಸಿ ತಮ್ಮ ಪಾಲನ್ನು ಮಾರಬಹುದೇ ಹೊರತು ಜಾಯ್ಸ್‌ನದನ್ನಲ್ಲ. ಬದಲಾಗುವ ಸಾಧ್ಯತೆ ಇರುವುದು ಜಾಹೀರಾತಿನ ವಿಷಯದಲ್ಲಿ. ಮಾಂಸಾಹಾರದ ವಿರುದ್ಧ ಇಡೀ ಆಲ್ಬಂಗೆ ಹೆಸರಿಟ್ಟ ಬ್ಯಾಂಡ್ ಇದು. ಹಣ ಹೂಡಿದ ಕಂಪನಿಗೆ ಆ ಹಟ ಇರಬೇಕಿಲ್ಲ, ಹಾಕಿದ ಬಂಡವಾಳ ಬೇಗ ಹಿಂದೆ ಬರಬೇಕು, ಎಲ್ಲ ಕೋರಿಕೆಗೂ ಹೂಂ ಎನ್ನುವ ಒತ್ತಡ ಬರುತ್ತದೆ. ಆಗ ತಡೆಯಾಗಿ ಉಳಿಯುವುದು ಮಾರ್ ಅವರ ಒಪ್ಪಿಗೆ. ಮೊರಿಸ್ಸಿಗೆ ಯಾರ ನಂಟು ಬೇಡವಾಗಿದೆಯೋ ಅವರೇ ಮೊರಿಸ್ಸಿ ಸಾಹಿತ್ಯದ ಕಾವಲಿಗೂ ನಿಲ್ಲಬೇಕಾಗಿ ಬರಬಹುದು.

ಮಾರ್ ತಾವೇ ಕೊಳ್ಳುವ ದಾರಿಯೂ ಇದೆ. ಹಾಗಾದರೆ ಒಪ್ಪಿಗೆಯ ತೊಡಕು ಅರ್ಧ ತೀರುತ್ತದೆ. ಇಬ್ಬರ ನಡುವೆ ಇಷ್ಟು ಕಹಿಯಿರುವಾಗ ಅದು ನೇರ ಮಾತುಕತೆಯಿಂದ ಆಗುವುದು ಕಷ್ಟ, ನಡುವೆ ಒಂದು ಕಂಪನಿ ಬಂದು ನಿಲ್ಲಬೇಕು.

ಅವಧಿಯೂ ಸಣ್ಣದಲ್ಲ. ಮುದ್ರಿಕೆಗಳ ಹಕ್ಕು ಬಿಡುಗಡೆಯಾದ ವರ್ಷದ ಕೊನೆಯಿಂದ 70 ವರ್ಷ: ಮೊದಲ ಆಲ್ಬಂಗೆ 2054ರ ಕೊನೆವರೆಗೆ, ಕೊನೆಯದಕ್ಕೆ 2057ರ ಕೊನೆವರೆಗೆ. ಜೊತೆಯಾಗಿ ರಚಿಸಿದ ಹಾಡುಗಳ ಹಕ್ಕು ಇಬ್ಬರಲ್ಲಿ ಕೊನೆಗೆ ತೀರಿಕೊಂಡವರ ನಂತರವೂ 70 ವರ್ಷ ಇರುತ್ತದೆ. ಕೊಳ್ಳುವವರಿಗೆ ಇದೇ ಆಕರ್ಷಣೆ.

ಬೆಂಗಳೂರಿನ ಬ್ಯಾಂಡುಗಳಿಗೂ ಇದರಲ್ಲಿ ನೇರ ಸಂಬಂಧವಿರುವ ವಿಷಯವೊಂದಿದೆ. ನಮ್ಮ 1932ರ ಪಾಲುದಾರಿಕೆ ಕಾಯ್ದೆ ಆ 1890ರ ಕಾಯ್ದೆಯ ಜಾಡಿನಲ್ಲೇ ಬಂದದ್ದು. ಅದರ 13ನೆಯ ಕಲಮಿನಂತೆ ಬೇರೆ ಕರಾರಿಲ್ಲದಿದ್ದರೆ ಪಾಲುದಾರರಿಗೆ ಲಾಭವೂ ನಷ್ಟವೂ ಸಮಪಾಲು. 43ನೆಯ ಕಲಮಿನಂತೆ ಅವಧಿ ಗೊತ್ತುಮಾಡದ ಪಾಲುದಾರಿಕೆಯನ್ನು ಯಾವುದೇ ಪಾಲುದಾರ ಲಿಖಿತ ನೋಟಿಸ್ ಕೊಟ್ಟು ಮುಗಿಸಬಹುದು. ಆದ್ದರಿಂದ ಒಂದು ಬ್ಯಾಂಡ್ ಮೊದಲ ಹಾಡು ಹೊರತರುವ ಮುನ್ನ ಎರಡು ಪುಟದ ಪತ್ರದಲ್ಲಿ ಬರೆದಿಡಬೇಕಾದದ್ದು ಇಷ್ಟು: ಪ್ರತಿ ಹಾಡಿನ ರಚನೆಯಲ್ಲಿ ಯಾರಿಗೆ ಶೇಕಡಾ ಎಷ್ಟು, ಮುದ್ರಿಕೆ ಮತ್ತು ಕಾರ್ಯಕ್ರಮದ ಹಣದಲ್ಲಿ ಎಷ್ಟು, ಹೆಸರು ಯಾರ ಹೆಸರಿನಲ್ಲಿ ನೋಂದಣಿ, ಒಬ್ಬರು ಬಿಟ್ಟರೆ ಹೆಸರನ್ನು ಯಾರು ಮುಂದುವರಿಸಬೇಕು, ಬಿಟ್ಟವರಿಗೆ ಹಳೆಯ ಹಾಡುಗಳ ರಾಯಲ್ಟಿ ಎಲ್ಲಿಯವರೆಗೆ, ಜಾಹೀರಾತಿಗೆ ಕೊಡಲು ಎಷ್ಟು ಜನರ ಒಪ್ಪಿಗೆ ಬೇಕು. ಕೆಳಗೆ ಎಲ್ಲರ ಸಹಿ, ದಿನಾಂಕ. ಡ್ರಮ್ಮರ್ ಸಹಿಯೂ ಸೇರಿ.